ಸುಮಂಗಲಾ ಎಳೆದ ಓರೆಗೆರೆ

ವರ್ಷವರ್ಷವೂ ನಾನು ಬೋರ್ಡಿನ ಮೇಲೆ ಬರೆದು ಹೊಗಳಿಸಿಕೊಳ್ಳುವ ಆ ಚುಕ್ಕಿಗಳ ಪ್ರೂಫ್ ನನ್ನದಲ್ಲ, ಸುಮಂಗಲಾ. ನಿನ್ನದು. ನಿನ್ನ ಕೈಯಿಂದ ಕಿತ್ತುಕೊಂಡದ್ದು — ಅದೂ ನಿನಗೇ ಬುದ್ಧಿ ಹೇಳುವ ನೆಪದಲ್ಲಿ.

ಸದರ್ನ್ ಅವೆನ್ಯೂವಿನ ನಮ್ಮ ಬಾಡಿಗೆ ಕೋಣೆ ನೆನಪಿದೆಯಾ? ಇಬ್ಬರೂ ಎಂ.ಎಸ್ಸಿ. ಮುಗಿಸಿ ಒಂದೇ ಶಾಲೆಗೆ ಅರ್ಜಿ ಹಾಕಿದ್ದೆವು. ಇದ್ದದ್ದು ಒಂದೇ ಗಣಿತ ಟೀಚರ್ ಕೆಲಸ. ಮಾರನೇ ದಿನ ಆರನೇ ಕ್ಲಾಸಿನ ಮಕ್ಕಳಿಗೆ ಪಾಠ ಮಾಡಿ ತೋರಿಸಬೇಕಿತ್ತು: ಒಂದು, ಮೂರು, ಆರು, ಹತ್ತು — ಈ ತ್ರಿಕೋನ ಸಂಖ್ಯೆಗಳಲ್ಲಿ ಅಕ್ಕಪಕ್ಕದ ಎರಡನ್ನು ಕೂಡಿದರೆ ವರ್ಗಸಂಖ್ಯೆಯೇ ಏಕೆ ಬರುತ್ತದೆ? ನೀನು ನೆಲದ ಮೇಲೆ ರಂಗೋಲಿ ಪುಡಿಯಲ್ಲಿ ನಾಲ್ಕು ಸಾಲು ಚುಕ್ಕಿ ಇಟ್ಟೆ, ಸಾಲಿಗೆ ನಾಲ್ಕು. ನಡುವೆ ಒಂದು ಓರೆಗೆರೆ. ಈಚೆಗೆ ಒಂದು, ಎರಡು, ಮೂರು, ನಾಲ್ಕು — ಹತ್ತು. ಆಚೆಗೆ ಒಂದು, ಎರಡು, ಮೂರು — ಆರು. ಚೌಕ ಎಷ್ಟೇ ದೊಡ್ಡದಿರಲಿ, ಗೆರೆ ಹೀಗೇ ಸೀಳುತ್ತದೆ.

“ಹುಡುಗ್ರ ಕಣ್ಣಿಗೆ ಕಂಡ್ರ ಸಾಕಲ್ಲೇನ, ಜಯಾ?” ಅಂತ ಕೇಳಿದೆ ನೀನು.

ನನ್ನ ಹೊಟ್ಟೆಗೆ ಬೆಂಕಿ ಬಿತ್ತು. ಎಷ್ಟು ಸರಿಯಾಗಿತ್ತು ಅದು! ಅದಕ್ಕೇ ಹೇಳಿದೆ: “ಅಯ್ಯೋ, ಇದೆಲ್ಲ ಆಟ ಕಣೇ. ಚಿತ್ರ ಬರೆದ್ರೆ ಪ್ರೂಫ್ ಆಗಲ್ಲ, ನಗ್ತಾರೆ. ಬೀಜಗಣಿತದಲ್ಲೇ ಮಾಡು.”

ನೀನು ನಂಬಿದೆ. ಚುಕ್ಕಿಗಳನ್ನೆಲ್ಲ ಒರೆಸಿಹಾಕಿದೆ.

ಮಾರನೇ ದಿನ ಕ್ಲಾಸಿನ ಹೊರಗೆ ಬೆಂಚಿನ ಮೇಲೆ ಕೂತು ಕಿವಿಗೊಟ್ಟಿದ್ದೆ. ‘ಎನ್, ಎನ್ ಪ್ಲಸ್ ಒನ್’ ಎನ್ನುತ್ತಿದ್ದ ನಿನ್ನ ದನಿ ತಡವರಿಸಿತು... ನಿಂತೇಹೋಯಿತು. ಈಗ ಚುಕ್ಕಿ ಇಟ್ಟುಬಿಡುತ್ತಾಳೇನೋ ಎಂದು ಹೆದರಿದೆ — ಇಡದಿರಲಿ ಅಂತ ಬೇಡಿಕೊಂಡೆ, ಕಾಳಿಘಾಟಿನ ತಾಯಿಯನ್ನೇ! ನೀನು ಇಡಲಿಲ್ಲ. ಮುಖ ಸಣ್ಣದು ಮಾಡಿಕೊಂಡು ಮೆಟ್ಟಿಲಿಳಿದು ಹೋದೆ. ಆಮೇಲೆ ಒಳಗೆ ಹೋದ ನಾನು ಇಟ್ಟೆ. ಗೆರೆ ಎಳೆದಾಗ ಮಕ್ಕಳು ‘ಓ!’ ಎಂದು ಕೂಗಿದರು. ಕೆಲಸ ನನಗೆ ಸಿಕ್ಕಿತು.

ಹೌರಾದಲ್ಲಿ ನಿನ್ನನ್ನು ರೈಲು ಹತ್ತಿಸಲು ಬಂದವಳೂ ನಾನೇ. “ನನಗ ಗಣಿತ ಕಲಸಾಕ ಬರಂಗಿಲ್ಲ ಬಿಡ” ಅಂದೆ ನೀನು. ನಾನು ನಿನ್ನ ಪೆಟ್ಟಿಗೆಯನ್ನು ಸೀಟಿನ ಕೆಳಗೆ ತಳ್ಳಿದೆ. ನೀನು ಮತ್ತೆಂದೂ ಚಾಕ್‌ಪೀಸ್ ಹಿಡಿಯಲಿಲ್ಲ.

ಮೊನ್ನೆ ಫೋನ್ ಮಾಡಿದೆಯಲ್ಲ, ಮಗಳಿಗೆ ಇದೇ ಲೆಕ್ಕ ತಿಳಿಯುತ್ತಿಲ್ಲ ಅಂತ. “ನೀನ ಹೇಳಿಕೊಡ, ನನ್ನ ತಲಿಗೆ ಎಲ್ಲಿ ಹತ್ತತದ.” ಆ ಮಾತು ಕೇಳಿಯೇ ಈ ಪತ್ರ ಬರೆಯಲು ಕೂತೆ. ಭಾನುವಾರ ವಿಡಿಯೊ ಕಾಲ್ ಮಾಡುತ್ತೇನೆ ಅಂದಿದ್ದೆ; ಮಾಡುತ್ತೇನೆ. ಆದರೆ ಚುಕ್ಕಿ ಇಡುವವಳು ನಾನಲ್ಲ. ಇದನ್ನು ಓದಿದ ಮೇಲೂ ನೀನು ಫೋನ್ ಎತ್ತಿದರೆ, ನಿನ್ನ ಮಗಳಿಗೆ ಹೇಳುವುದು ಇಷ್ಟೇ: ಅಮ್ಮನ ಕೈಗೆ ರಂಗೋಲಿ ಡಬ್ಬಿ ಕೊಡು.

ಎತ್ತದಿದ್ದರೆ — ಎತ್ತಬೇಡ. ಆದರೆ ಆ ಲೆಕ್ಕ ನಿನಗೆ ಬರುತ್ತದೆ, ಸುಮಂಗಲಾ. ಆವತ್ತೂ ಬರುತ್ತಿತ್ತು.