ತಿರುವಿನವರೆಗಿನ ದಾರಿ

ಸುರುಳಿ ಸುತ್ತಿಟ್ಟಿದ್ದ ಹಳೆಯ ಕ್ಯಾಲೆಂಡರ್ ಹಾಳೆಯನ್ನು ಬಿಚ್ಚಿದ ಕೂಡಲೇ ನನಗೆ ಸೀನು ಬಂತು. ಇಷ್ಟು ವರ್ಷವಾದರೂ ಕಾಗದದೊಳಗೆ ಮೆಣಸಿನಕಾಯಿಯ ಘಾಟು ಕುಳಿತೇ ಇತ್ತು. ಎರಡು ಬೀಜಗಳು ಮಡಿಲಿಗೆ ಉದುರಿದವು. ಬ್ಯಾಡಗಿಯಲ್ಲಿ ನಮ್ಮ ಮನೆ ಇದ್ದ ಜಾಗದಲ್ಲಿ ಈಗ ಅಗಲವಾದ ರಸ್ತೆಯಿದೆ. ಆಗ ಕೆಳಗೆ ಅಪ್ಪನ ಮೆಣಸಿನಕಾಯಿ ಅಂಗಡಿ, ಹದಿಮೂರು ಮೆಟ್ಟಿಲು ಹತ್ತಿದರೆ ನಮ್ಮ ಮನೆ. ಸುಗ್ಗಿಯಲ್ಲಿ ಚೀಲಗಳು ಇಳಿಯುವಾಗ ನಾವೆಲ್ಲ ಕೆಮ್ಮುತ್ತಲೇ ಉಣ್ಣುತ್ತಿದ್ದೆವು. ಹಾವೇರಿಯ ಈ ಬಾಡಿಗೆ ಮನೆಯಲ್ಲಿ ಅಪ್ಪ ಮತ್ತು ನಾನು ಇಬ್ಬರೇ. ಯಾರೂ ಕೆಮ್ಮುವುದಿಲ್ಲ. ಒಮ್ಮೊಮ್ಮೆ ಅದನ್ನೇ ತಡೆಯಲಾಗದು ಅನ್ನಿಸುತ್ತದೆ. ಮನೆ ಕಳೆದುಕೊಂಡವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಕ್ಯಾಲೆಂಡರ್ ೨೦೦೩ರದು, ಅಂಗಡಿಗೆ ಬಂದ ಯಾರೋ ಕೊಟ್ಟದ್ದು. ಅದರ ಒಂದು ಹಾಳೆಯಲ್ಲಿ ಫ್ರಾನ್ಸ್ ದೇಶದ ಗುಡ್ಡದ ಹಳ್ಳಿಯೊಂದರ ಚಿತ್ರವಿತ್ತು. ನನಗಿಂತ ಹತ್ತು ವರ್ಷ ದೊಡ್ಡವಳಾದ ಸರೋಜಕ್ಕ ಅದನ್ನು ಕಿಟಕಿಯ ಪಕ್ಕ ಅಂಟಿಸಿಕೊಂಡಿದ್ದಳು. ಅವಳಿಗೆ ಎದೆಯ ಕಾಯಿಲೆ. ಮೆಟ್ಟಿಲು ಇಳಿಯಬಾರದು ಎಂದು ಡಾಕ್ಟರು ಹೇಳಿದ ಮೇಲೆ ಅವಳ ಕಾಲೇಜು ನಿಂತಿತ್ತು. ಚಿತ್ರದ ಕೆಳಗಿನ ಇಂಗ್ಲಿಷನ್ನು ಅವಳು ಡಿಕ್ಷನರಿ ಹಿಡಿದು ಓದಿದ್ದಳು. ನಲವತ್ತು ಜನರ ಊರು. ಕಲ್ಲಿನ ಹಂಚು, ಮುದಿ ಗಂಟೆಗೋಪುರ, ಹಳ್ಳದ ಮೇಲೊಂದು ಕಮಾನು ಸೇತುವೆ. ಬೇಸಿಗೆಗೆ ಕುರಿಗಳನ್ನು ಮೇಲಿನ ಹುಲ್ಲುಗಾವಲಿಗೆ ಹೊಡೆದುಕೊಂಡು ಹೋಗಿ, ಹಿಮ ಬೀಳುವ ಮೊದಲು ಇಳಿಸುತ್ತಾರಂತೆ. ದಿನವೂ ನಾನು ಶಾಲೆಯಿಂದ ಬಂದ ಮೇಲೆ ನಾವು ಆ ಊರಿಗೆ ಹೋಗುತ್ತಿದ್ದೆವು. ಸೇತುವೆಯಿಂದ ಹೊರಟು ಅವಳ ಬೆರಳು ಗುಡ್ಡದ ದಾರಿಯನ್ನು ನಿಧಾನವಾಗಿ ಹತ್ತುತ್ತಿತ್ತು. ಅರ್ಧಕ್ಕೊಂದು ತಿರುವು. "ಇಲ್ಲೆ ಕುಂದ್ರೂಣು, ಶಕ್ಕೂ. ದಮ್ಮ ಹತ್ತೈತಿ," ಎನ್ನುತ್ತಿದ್ದಳು. ಮೇಲಿನ ಹುಲ್ಲುಗಾವಲಿಗೆ ನಾಳೆ.

ಆ ಊರಿನ ಪ್ರತಿ ಕಿಟಕಿಯ ಕೆಳಗೂ ಕೆಂಪು ಗೊಂಚಲುಗಳಿದ್ದವು. ಒಂದು ದಿನ ಅಪ್ಪ ಕನ್ನಡಕ ಏರಿಸಿ, ಚೀಲದ ಮಾಲು ನೋಡಿದಂತೆಯೇ ನೋಡಿ, "ಮೆಣಸಿನಕಾಯಿ ಒಣಾ ಹಾಕ್ಯಾರ. ಬಣ್ಣ ನೋಡಿದ್ರ ಡಬ್ಬಿನ ಇರಬೇಕು," ಎಂದರು. ಡಬ್ಬಿ ಎಂದರೆ ನಮ್ಮೂರಿನ ಸುಕ್ಕುಗಟ್ಟಿದ, ಕಡುಕೆಂಪು ಕಾಯಿ. ಅವ್ವ ನಕ್ಕಳು: "ನಿಮಗ ಹೊತ್ತು ಮುಳುಗೂದು ಕಂಡ್ರೂ ಡಬ್ಬಿ ಕಂಡಂಗ ಆಗತೈತಿ." ಆದರೆ ನಾವು ಅಪ್ಪನನ್ನೇ ನಂಬಿದೆವು. ಅಕ್ಕ ಎರಡು ಮಧ್ಯಾಹ್ನ ಕೂತು ದಾರದಲ್ಲಿ ಮೆಣಸಿನಕಾಯಿ ಪೋಣಿಸಿ, ನಮ್ಮ ಕಿಟಕಿಗೂ ಉದ್ದನೆಯ ಸರ ಇಳಿಬಿಟ್ಟಳು.

ಅದೇ ವಾರ ರಾಣೆಬೆನ್ನೂರಿನಿಂದ ಗಂಡಿನ ಕಡೆಯವರು ಅವಳನ್ನು ನೋಡಲು ಬಂದರು. ಕಾಯಿಲೆಯ ಮಾತು ಎತ್ತಬಾರದೆಂದು ಅವ್ವ ಎಲ್ಲರಿಗೂ ಹೇಳಿದ್ದಳು, ಒಂಬತ್ತು ವರ್ಷದ ನನಗೊಬ್ಬಳಿಗೆ ಹೇಳಲು ಮರೆತಿದ್ದಳು. ಚಹಾ ಕುಡಿಯುತ್ತಿದ್ದ ಹುಡುಗನ ಅತ್ತೆ ಕಿಟಕಿಯತ್ತ ನೋಡಿ, "ಯಾರಿಗೆ ದೃಷ್ಟಿ ತಗಲೇತಿ? ಇಷ್ಟುದ್ದ ಸರ ಕಟ್ಟೀರಲ್ಲ!" ಎಂದಳು. ನಾನೇ ಮುಂದೆ ಬಂದು ಹೇಳಿದೆ: "ದೃಷ್ಟಿಗಲ್ರಿ, ನಮ್ಮಕ್ಕಗರಿ. ಆಕಿಗೆ ಮೆಟ್ಟಲಾ ಇಳ್ಯಾಕ ಡಾಕ್ಟರ್ ಬ್ಯಾಡ ಅಂದಾರ. ಅದಕ್ಕ ಇಲ್ಲೇ ಗುಡ್ಡದ ಊರು ಮಾಡೇವಿ."

ಅವರು ಚಹಾ ಬಿಟ್ಟು ಎದ್ದರು. ಹದಿಮೂರು ಮೆಟ್ಟಿಲುಗಳನ್ನು ಇಳಿಯುವ ಚಪ್ಪಲಿ ಸದ್ದನ್ನು ನಾವು ಕೊನೆಯವರೆಗೂ ಕೇಳಿದೆವು. ಅವ್ವ ನನ್ನನ್ನು ಹೊಡೆಯಲಿಲ್ಲ. ಸರವನ್ನು ಕಿತ್ತು ಒಲೆಗೆ ಹಾಕಿದಳು. ದೃಷ್ಟಿಯಾಗಿದ್ದರೆ ಸುಟ್ಟ ಮೆಣಸಿನಕಾಯಿಗೆ ಘಾಟು ಏಳುವುದಿಲ್ಲ ಎನ್ನುತ್ತಾರೆ. ಅಂದು ಮನೆಯ ಮೂಲೆಮೂಲೆಗೂ ಘಾಟು ತುಂಬಿತು. ಅಕ್ಕ ಕೆಮ್ಮುತ್ತ, ಕಣ್ಣೀರು ಒರೆಸಿಕೊಳ್ಳುತ್ತ ನಗುತ್ತಿದ್ದಳು. "ನೋಡಬೇ ಅವ್ವಾ, ನನಗೇನೂ ಆಗಿಲ್ಲ!" ಆಮೇಲೆ ನನ್ನನ್ನು ಹತ್ತಿರ ಎಳೆದುಕೊಂಡು, "ಅಳಬ್ಯಾಡ ಹುಚ್ಚಿ. ಮದಿವಿ ಆಗಿದ್ರ ಗುಡ್ಡದ ಊರಿಗೆ ನಿನ್ನ ಕರಕೊಂಡು ಹೋಗಾವ್ರು ಯಾರು?" ಎಂದಳು.

ಮುಂದಿನ ಸುಗ್ಗಿಯ ಚೀಲಗಳು ಬರುವ ಮೊದಲೇ ಅಕ್ಕ ಹೋದಳು. ಕೆಲವು ವರ್ಷಗಳ ನಂತರ ಅವ್ವ. ಚಿತ್ರದ ಕಿಟಕಿಗಳ ಕೆಳಗಿದ್ದದ್ದು ಹೂವಿನ ಕುಂಡಗಳು ಎಂದು ನನಗೆ ತಿಳಿದದ್ದು ಬಹಳ ತಡವಾಗಿ. ಅಪ್ಪನಿಗೆ ಹೇಳಿಲ್ಲ.

ಈಗ ಅವರಿಗೆ ಕಣ್ಣು ಮಂಜು. ಕಾಗದದ ಸದ್ದಿಗೆ ಹೊರಳಿ, "ನಿಮ್ಮಕ್ಕನ ಊರೇನ ಅದು? ಮೆಣಸಿನಕಾಯಿ ಇನ್ನೂ ಕೆಂಪಗ ಅದಾವೇನು?" ಎಂದು ಕೇಳಿದರು.

"ಅದಾವ್ರಿ ಅಪ್ಪಾ."

"ಡಬ್ಬಿ ಬಣ್ಣ ಹೋಗೂದಿಲ್ಲ."

ನಾನು ಹಾಳೆಯನ್ನು ಬೆಳಕಿಗೆ ಹಿಡಿದೆ. ಸೇತುವೆಯಿಂದ ತಿರುವಿನವರೆಗೆ ದಾರಿಯ ಬಣ್ಣ ಸವೆದು ಬೆಳ್ಳಗೆ ಗೆರೆ ಬಿದ್ದಿತ್ತು. ತಿರುವಿನಿಂದ ಮೇಲಕ್ಕೆ, ಹುಲ್ಲುಗಾವಲಿನವರೆಗೆ, ಕಾಗದ ಇನ್ನೂ ಹೊಸದರಂತೆ ಹೊಳೆಯುತ್ತಿತ್ತು. ನಾನು ತಿರುವಿನ ಮೇಲೆ ಬೆರಳಿಟ್ಟೆ. ಅಲ್ಲಿಂದ ಮುಂದಕ್ಕೆ ಸರಿಸಲಿಲ್ಲ.