ಇನ್ಸ್‌ಪೆಕ್ಟರಿಗಾಗಿ ಗುಡಿಸಿದ ಧೂಳು

ಮಗಳಿಗೆ ಕಾಲೇಜಿನಲ್ಲಿ ಟಿವಿಯ ಆರಂಭದ ಕಾಲದ ನಾಟಕವೊಂದರ ಬಗ್ಗೆ ಬರೆಯಲು ಕೊಟ್ಟಿದ್ದರು. ಆ ಭಾನುವಾರ ಈ ಪರದೇಶದ ಥಾರ್ನ್‌ಕ್ಲಿಫ್ ಪಾರ್ಕಿನ ನಮ್ಮ ಅಪಾರ್ಟ್‌ಮೆಂಟಿನಲ್ಲಿ ಮೂವರೂ ಕೂತು ನೋಡಿದೆವು. ಕಪ್ಪು ಬಿಳುಪಿನ ನಾಟಕ. ಬಾಗಿಲು ಹಾಕಿದರೆ ಗೋಡೆಯೇ ಅಲುಗುವಂಥ ಸೆಟ್ಟು. ಕಾರ್ಖಾನೆಯ ಧೂಳು ಕುಡಿದು ಕೆಲಸಗಾರರೆಲ್ಲ ಕೆಮ್ಮುತ್ತಾರೆ, ಮಾಲೀಕ ಮುಚ್ಚಿಡುತ್ತಾನೆ. ತಪಾಸಣೆಗೆ ಅಧಿಕಾರಿ ಬಂದಾಗ ನೆಲ ಫಳಫಳ ಹೊಳೆಯುತ್ತಿರುತ್ತದೆ.

ನನ್ನ ಗಂಡ ನಕ್ಕರು. "ನಾವೂ ಹಿಂಗ ಮಾಡಿದ್ವಿ. ಹೋದ ತಿಂಗಳ ಇನ್ಸ್‌ಪೆಕ್ಟರ್ ಬರೂಕಿಂತ ಮೊದಲ ಎಲ್ಲಾರೂ ಕೂಡಿ ಕಸ ಹೊಡದ್ವಿ."

ಇವರು ಓಕ್‌ವಿಲ್ಲಿನ ದೊಡ್ಡ ಮನೆಗಳ ಅಡುಗೆಕಟ್ಟೆಗೆ ಹಾಸುವ ಕಲ್ಲು ಕೊಯ್ಯುತ್ತಾರೆ. ಚಳಿಗಾಲದಿಂದ ಕೆಮ್ಮು ನಿಂತಿಲ್ಲ. ಕೆಮ್ಮಿಗೆ ಕಾರಣವಾದ ಧೂಳನ್ನು ಇವರೇ ಪೊರಕೆ ಹಿಡಿದು ಬಚ್ಚಿಟ್ಟು ಬಂದಿದ್ದಾರೆ!

"ಯಾಕ ಹೊಡದ್ರಿ?" ಎಂದೆ.

"ಮಂದಿ ಬರ್ತಾರಂದ್ರ ಹೊಲಸ ಇಡಾಕ ಆಗತೈತೇನು? ಅಣ್ಣಾರು ಹೇಳಿದ್ರು."

ಅಣ್ಣಾರು ಎಂದರೆ ಫೋರ್‌ಮನ್. ನಮ್ಮ ಹುಬ್ಬಳ್ಳಿ ಕಡೆಯವರೇ, ಕೆಲಸ ಕೊಡಿಸಿದವರು. ಹಬ್ಬಕ್ಕೆ ನಮ್ಮ ಮನೆಯಲ್ಲಿ ಹೋಳಿಗೆ ಉಂಡು ಹೋಗುವ ಮನುಷ್ಯ. ಬೀಗರು ಬರುತ್ತಾರೆಂದು ಮನೆ ಸಾರಿಸುವ ಬುದ್ಧಿ ನಮ್ಮದು. ಅದು ಆತನಿಗೆ ಚೆನ್ನಾಗಿ ಗೊತ್ತು. ನನಗೆ ಮೈಯೆಲ್ಲ ಉರಿಯಿತು.

"ಅಪ್ಪಾ, ದಟ್ಸ್ ನಾಟ್ ಫನ್ನಿ," ಎಂದು ಮಗಳು ನಾಟಕ ನಿಲ್ಲಿಸಿದಳು. ಆಮೇಲೆ ಮುಂದುವರಿಸಿದಾಗ ಮಾಲೀಕ ಭಾಷಣ ಬಿಗಿದು, ಕಣ್ಣೊರೆಸಿಕೊಂಡು, ತಪ್ಪು ಒಪ್ಪಿಕೊಂಡ. ಎಲ್ಲ ಸರಿಹೋಯಿತಂತೆ. ಆ ನಾಟಕ ಬರೆದವನ ಮೇಲೂ ನನಗೆ ಕೆಟ್ಟ ಸಿಟ್ಟು ಬಂತು. ಡಾಕ್ಟರ ಹತ್ತಿರ ಹೋಗೋಣವೆಂದರೆ ಇವರು ರಜೆ ಕೇಳಲೂ ಹಿಂಜರಿಯುತ್ತಾರೆ, ನಾಟಕದಲ್ಲಿ ಮಾಲೀಕ ತಾನಾಗಿಯೇ ಅಳುತ್ತಾನೆ.

ಅದೇ ವಾರ ಫೋರ್‌ಮನ್ ಫೋನು ಬಂತು. ನಾನೇ ಎತ್ತಿ ಸ್ಪೀಕರಿಗೆ ಹಾಕಿದೆ.

"ತಂಗಿ, ನಾಳೆ ಮತ್ತ ಇನ್ಸ್‌ಪೆಕ್ಷನ್ ಐತಿ. ನಿಮ್ಮ ಮನಿಯವರಿಗೆ ಸ್ವಲ್ಪ ಲಗೂ ಬರಾಕ ಹೇಳು."

"ಲಗೂ ಬರಂಗಿಲ್ಲ. ಧೂಳ ಇದ್ದಂಗ ಇರಲಿ, ಇನ್ಸ್‌ಪೆಕ್ಟರ್ ನೋಡಲಿ. ಇವರ ಕೆಮ್ಮೂ ಕೇಳಲಿ."

ಗಂಡ ಓಡಿಬಂದು ಫೋನು ಕಸಿದುಕೊಂಡರು. "ತಪ್ಪು ತಿಳ್ಕೋಬ್ಯಾಡ್ರಿ ಅಣ್ಣಾರ, ಬರ್ತೀನಿ," ಎನ್ನುವಷ್ಟರಲ್ಲಿ ಕೆಮ್ಮು ಒತ್ತರಿಸಿ ಬಂತು. ಅದು ನಿಲ್ಲುವವರೆಗೂ ಫೋರ್‌ಮನ್ ತಾಳ್ಮೆಯಿಂದ ಕಾದ.

"ಶುಂಠಿ ಕಷಾಯ ಮಾಡಿಸ್ಕೊಂಡು ಕುಡೀರಿ," ಎಂದ. "ಏಳಕ್ಕ ಬಂದುಬಿಡ್ರಿ."