ಸೈರನ್ನಿಗೆ ಶ್ರುತಿ ಹಿಡಿದ ಜಲೀಲ್

ಶಿವಮೊಗ್ಗದ ಹೊಸಮನೆಯ ಜಲೀಲ್ ಮದುವೆ ಬ್ಯಾಂಡಿನಲ್ಲಿ ಕ್ಲಾರಿನೆಟ್ ಊದುತ್ತಿದ್ದ. ಲಗ್ನದ ತಿಂಗಳು ಮುಗಿದರೆ ಹಾರ್ಮೋನಿಯಂ ರಿಪೇರಿ. ಅವನಿಗೆ ಊರೆಲ್ಲ ಗೊತ್ತು, ಊರಿಗೆ ಅವನ ಉಬ್ಬಿದ ಕೆನ್ನೆ ಮಾತ್ರ ಗೊತ್ತು.

೧೯೬೧ರಲ್ಲಿ ಅಡಿಕೆ ಮಂಡಿಯ ಗಣಪಯ್ಯನವರಿಗೆ ಸಿನಿಮಾದ ಹುಚ್ಚು ಹತ್ತಿತು. ಕಥೆ ಅವರದೇ, ನಿರ್ದೇಶನ ಅವರದೇ. ನಾಯಕ ಮಾತ್ರ ಹೊರಗಿನವನು, ಅಂದರೆ ಅಳಿಯ. ಮದ್ರಾಸಿನ ಸಂಗೀತಗಾರರಿಗೆ ಕಥೆ ಬರೆದು ಕಳಿಸಿದರು; ಒಬ್ಬರೂ ಮರುಟಪಾಲು ಹಾಕಲಿಲ್ಲ. ಆಗ ಜಲೀಲನಿಗೆ ಕರೆ ಬಂತು.

"ಸಂಗೀತ ಹ್ಯಾಗಿರ್ಬೇಕು ಸಾಹುಕಾರ್ರೇ?"

"ಅಳೋ ಕಡೆ ಜನ ಅಳ್ಬೇಕು, ನಗೋ ಕಡೆ ನಗ್ಬೇಕು. ಅಷ್ಟೇ ಮಾರಾಯ, ಅದರಲ್ಲೇನು ಕಷ್ಟ?"

ಕಷ್ಟವೆಂದರೆ ಅಳಿಯ ಅತ್ತರೆ ಜನ ನಗುವಂತಿತ್ತು. ಆದರೂ ಜಲೀಲ್ ಮೂರು ತಿಂಗಳು ಅದೇ ಧ್ಯಾನದಲ್ಲಿದ್ದ. ಒಮ್ಮೆ ಬೀಗರ ಮೆರವಣಿಗೆಯಲ್ಲಿ ಮೈಮರೆತು, ನಾಯಕಿಯ ತಾಯಿ ಸಾಯುವ ರಾಗ ನುಡಿಸಿ ಬೈಸಿಕೊಂಡ.

ಧ್ವನಿಮುದ್ರಣಕ್ಕೆ ಸಿಕ್ಕಿದ್ದು ಭದ್ರಾವತಿಯಲ್ಲಿ ಗಣಪಯ್ಯನವರ ಷಡ್ಡಕನ ಖಾಲಿ ಗೋದಾಮು. ಯುಗಳಗೀತೆ ಅರ್ಧಕ್ಕೆ ಬಂದಿತ್ತು. ಪಕ್ಕದ ಕಾರ್ಖಾನೆಯಲ್ಲಿ ಎರಡನೇ ಪಾಳಿಗೆ ಕರೆಯುವ ಎರಡು ಗಂಟೆಯ ಸೈರನ್ ಕೂಗಿತು. ತಬಲಾದವನು ಕೈ ಎತ್ತಿಬಿಟ್ಟ. ಜಲೀಲ್ ಬಿಡಲಿಲ್ಲ; ಸೈರನ್ನಿನ ಜೊತೆಯಲ್ಲೇ ಕ್ಲಾರಿನೆಟ್ ಏರಿಸಿ, ಅದರ ಜೊತೆಯಲ್ಲೇ ಇಳಿಸಿದ.

"ಇನ್ನೊಂದ್ಸಲ ಹಾಡ್ಸೋಣ್ವಾ?" ಎಂದ.

"ಯಾಕೆ? ಅದೂ ಚೆನ್ನಾಗೇ ಕೂಗ್ತು," ಎಂದರು ಗಣಪಯ್ಯ. "ಟೇಪು ಹಾಳು ಮಾಡ್ಬೇಡ."

ಪೋಸ್ಟರ್ ಬಂತು. 'ಸಂಗೀತ: ಗಣಪಯ್ಯ' ಎಂದಿತ್ತು. ಜಲೀಲ್ ಮಂಡಿಗೆ ಹೋಗಿ ಕೇಳಿದ.

"ಹೆಸರು ಯಾರದಾದ್ರೇನಪ್ಪಾ? ಕಲೆ ದೇವರದ್ದು."

"ದೇವರ ಹೆಸರೂ ಹಾಕಿಲ್ವಲ್ಲ ಸಾಹುಕಾರ್ರೇ."

ಗಣಪಯ್ಯನವರು ಅಡಿಕೆ ಮೂಸಿ ನೋಡುವುದರಲ್ಲಿ ಮಗ್ನರಾದರು.

ಮೊದಲ ಆಟ ಭದ್ರಾವತಿಯಲ್ಲಿ, ಬೆಳಿಗ್ಗೆ ಹತ್ತಕ್ಕೆ. ಥಿಯೇಟರಿನ ತುಂಬ ಎರಡನೇ ಪಾಳಿಯ ಕೆಲಸಗಾರರು. ತೆರೆಯ ಮೇಲೆ ಅಳಿಯ ನಾಯಕಿಯ ಕೈ ಹಿಡಿದ, ಸೈರನ್ ಕೂಗಿತು. ಕತ್ತಲಲ್ಲಿ "ಅಯ್ಯೋ, ಟೈಮಾಚ್ಚು!" ಎಂದೊಬ್ಬ ತಮಿಳು ಫಿಟ್ಟರ್ ಚೀರಿದ್ದೇ ತಡ, ಅರ್ಧ ಥಿಯೇಟರು ಚಪ್ಪಲಿ ತಡಕಿ ಬಾಗಿಲಿಗೆ ನುಗ್ಗಿತು. ಹೊರಗೆ ನೋಡಿದರೆ ಇನ್ನೂ ಹನ್ನೊಂದೂವರೆ. ಒಳಗೆ ಮರಳಿದವರು ಮೂರು ಜನ. ಉಳಿದವರು ತಾನಾಗಿ ಒದಗಿದ ಬಿಡುಗಡೆಯನ್ನು ಕಳೆದುಕೊಳ್ಳುವಷ್ಟು ದಡ್ಡರಾಗಿರಲಿಲ್ಲ.

ಮೂರನೇ ದಿನಕ್ಕೆ ಚಿತ್ರ ಎತ್ತಂಗಡಿಯಾಯಿತು. ಅಷ್ಟರೊಳಗೆ ಶಿವಮೊಗ್ಗದ ಪೋಸ್ಟರುಗಳ ಮೇಲೆಲ್ಲ ಗಣಪಯ್ಯನವರು ಅಚ್ಚು ಹಾಕಿಸಿದ ಒಂದೊಂದು ಚೀಟಿ ಬಿದ್ದಿತ್ತು: 'ಸಂಗೀತ: ಜಲೀಲ್, ಹೊಸಮನೆ.' ಬೈಯುವವರಿಗೆ ದಾರಿ ತಪ್ಪದಿರಲೆಂದು ವಿಳಾಸ ಸಮೇತ.

ಹೆಂಡತಿ ಅಮೀರುನ್ನೀಸಾ ಕೆಂಡವಾದಳು. "ಮೂರು ತಿಂಗಳು ದುಡಿದಾಗ ಹೆಸರಿಲ್ಲ, ಮಣ್ಣು ಮುಕ್ಕಿದ ಮೇಲೆ ಹೆಸರಾ? ಮಾನ ಇದ್ರೆ ಹೋಗಿ ಕಿತ್ತುಹಾಕಿ ಬನ್ನಿ!"

ಜಲೀಲ್ ಹೋದ. ಬಸ್ ಸ್ಟ್ಯಾಂಡಿನ ಗೋಡೆಯ ಮುಂದೆ ನಿಂತು ಓದಿದ. ಅಚ್ಚಿನಲ್ಲಿ ತನ್ನ ಹೆಸರನ್ನು ಅವನು ನೋಡಿದ್ದು ಅದೇ ಮೊದಲು. ಅಂಟು ಸಾಲದೆ ಚೀಟಿಯ ಒಂದು ಮೂಲೆ ಮೇಲೆದ್ದಿತ್ತು. ಅತ್ತಿತ್ತ ನೋಡಿ, ಹೆಬ್ಬೆರಳಿಂದ ಒತ್ತಿ ಕೂರಿಸಿದ.

"ಕಿತ್ತಿರಾ?" ಎಂದಳು ಹೆಂಡತಿ.

"ಬಹಳ ಗಟ್ಟಿ ಅಂಟ್ಸಿದಾರೆ ಕಣೇ," ಎಂದ. "ಬರ್ಲೇ ಇಲ್ಲ."